ರಾಯರ ಜೊತೆ ಮಾತಾಡಿದ ಮನ್ರೋ ಸಾಹೇಬನ ಗೋರಿ ಗುತ್ತಿ ಬೆಟ್ಟದಡಿ!

ಬಳಗಾನೂರು: ಗುರುವಾರ ಬಂತಂದ್ರೆ ಸಿಂಧನೂರು, ಮಸ್ಕಿ, ಲಿಂಗಸುಗೂರು ಕಡೆಯಿಂದ ಮಂತ್ರಾಲಯಕ್ಕೆ ಹೋಗೋ ಮಂದಿ ಬಹಳ. ಅಲ್ಲಿ ಮನ್ರೋ ಸಾಹೇಬನ ಕಥೆ ಕೇಳದೆ ಬಂದವರು ಕಡಿಮೆ. ಮಠದ ಇನಾಮು ಜಮೀನಿನ ವಿಚಾರಣೆಗೆ ಬಂದಿದ್ದ ಆ ಇಂಗ್ಲಿಷ್ ಅಧಿಕಾರಿಗೆ ರಾಯರು ಬೃಂದಾವನದಿಂದಲೇ ದರ್ಶನ ಕೊಟ್ಟು ಮಾತಾಡಿದರು, ಜಮೀನು ಮಠಕ್ಕೇ ಉಳೀತು ಎಂಬುದು ಭಕ್ತರ ನಂಬಿಕೆ. ಆದ್ರೆ ಆ ಸಾಹೇಬ ಸತ್ತಿದ್ದು, ಮಣ್ಣಾಗಿದ್ದು ಅದೇ ಸೀಮೆಯಲ್ಲಿ ಅನ್ನೋದು ಎಷ್ಟೋ ಜನಕ್ಕೆ ತಿಳಿದಿಲ್ಲ.

ಥಾಮಸ್ ಮನ್ರೋ ಹುಟ್ಟಿದ್ದು 1761ರಲ್ಲಿ, ಸ್ಕಾಟ್ಲೆಂಡಿನ ಗ್ಲಾಸ್ಗೋದಲ್ಲಿ. ತಂದೆ ಅಮೆರಿಕದ ಜೊತೆ ತಂಬಾಕು ವ್ಯಾಪಾರ ಮಾಡ್ತಿದ್ದ. ಅಲ್ಲಿ ಯುದ್ಧ ಶುರುವಾಗಿ ವ್ಯಾಪಾರ ಮುಳುಗಿತು. ಮಗ 18ನೇ ವಯಸ್ಸಿಗೆ, 1780ರಲ್ಲಿ, ಮದ್ರಾಸಿಗೆ ಬಂದು ಕಂಪನಿ ದಂಡು ಸೇರಿದ. ಹೈದರಾಲಿ ಮೇಲಿನ ಯುದ್ಧದಲ್ಲಿ ಕಾದಾಡಿದ. ಟಿಪ್ಪು ಮಡಿದ ಮೇಲೆ ಕೆನರಾ ಸೀಮೆಗೆ ಕಲೆಕ್ಟರ್ ಆದ.

1800ರಲ್ಲಿ ನಿಜಾಮ ತುಂಗಭದ್ರೆಯ ಆಚೆ ಇರೋ ಬಳ್ಳಾರಿ, ಅನಂತಪುರ, ಕಡಪ ಸೀಮೆಯನ್ನು ಕಂಪನಿಗೆ ಬಿಟ್ಟುಕೊಟ್ಟ. ಹೊಳೆಯ ಈ ಕಡೆ, ಅಂದ್ರೆ ನಮ್ಮ ರಾಯಚೂರು ಸೀಮೆ, ನಿಜಾಮನ ಕೈಯಲ್ಲೇ ಉಳೀತು. ಆಚೆ ದಂಡೆಗೆ ಮನ್ರೋ ಮುಖ್ಯ ಕಲೆಕ್ಟರ್ ಆಗಿ ಬಂದ. ಊರೂರು ತಿರುಗಿ, ಡೇರೆಯಲ್ಲೇ ಉಳಿದು ಕೆಲಸ ಮಾಡಿದ. ಪಾಳೇಗಾರರನ್ನು ಅಡಗಿಸಿದ, ಹೊಲಗಳನ್ನು ಅಳೆಸಿದ. ನಡುವೆ ಜಮೀನ್ದಾರ ಇಲ್ಲದೆ ರೈತನೇ ನೇರವಾಗಿ ಸರ್ಕಾರಕ್ಕೆ ಕಂದಾಯ ಕಟ್ಟೋ ರೈತವಾರಿ ಪದ್ಧತಿ ಜಾರಿಗೆ ತಂದ.

ಹಂಗಂತ ಎಲ್ಲಾ ರೈತನಿಗೆ ಹಗುರಾಗಿತ್ತು ಅಂತಲ್ಲ. ಹಾಕಿದ ಕಂದಾಯ ಭಾರವೇ ಇತ್ತು. ಅದು ಅವನಿಗೂ ಗೊತ್ತಿತ್ತು. 1807ರಲ್ಲಿ ಊರಿಗೆ ಹೊರಡೋ ಮುಂಚೆ ಕಂದಾಯದಲ್ಲಿ ನಾಲ್ಕಾಣೆ ಪಾಲು ಕಡಿಮೆ ಮಾಡ್ರಿ ಅಂತ ಬರೆದ. ಮೇಲಿನವರು ಒಪ್ಪಲಿಲ್ಲ. ರೈತವಾರಿಯನ್ನೇ ಬಿಟ್ಟು ಊರಿಗೆ ಊರೇ ಗುತ್ತಿಗೆ ಕೊಟ್ಟರು. 1820ರಲ್ಲಿ ಮದ್ರಾಸ್ ಗವರ್ನರ್ ಆಗಿ ಬಂದ ಮೇಲೆ ರೈತವಾರಿಯನ್ನು ಮತ್ತೆ ಗಟ್ಟಿ ಮಾಡಿದ. ಆ ಭಾಗದಲ್ಲಿ ಮಕ್ಕಳಿಗೆ ಮನ್ರೋಲಪ್ಪ ಅಂತ ಹೆಸರಿಟ್ಟವರೂ ಇದ್ದರು.

1826ರಲ್ಲಿ ಮಗುವಿಗೆ ಹುಷಾರಿಲ್ಲದೆ ಹೆಂಡತಿ ಅದನ್ನು ಕರ್ಕೊಂಡು ಇಂಗ್ಲೆಂಡಿಗೆ ಹೋದಳು. ಸಾಹೇಬನೂ ಬಿಡುಗಡೆ ಕೇಳಿದ್ದ. ಬದಲಿ ಗವರ್ನರ್ ಬರೋದು ತಡವಾಯ್ತು. ಅಷ್ಟರಲ್ಲಿ ಹಳೇ ಸೀಮೆಯನ್ನೊಮ್ಮೆ ನೋಡಿ ಬರೋಣ ಅಂತ 1827ರಲ್ಲಿ ಹೊರಟ. ದಾರಿಯಲ್ಲಿ ಕಾಲರಾ ಬಿದ್ದಿತ್ತು, ಜೊತೆಗಿದ್ದ ಸಿಪಾಯಿಗಳಿಗೂ ಹತ್ತಿತ್ತು. ಜುಲೈ 6ರ ಬೆಳಿಗ್ಗೆ ಪತ್ತಿಕೊಂಡದಲ್ಲಿ ಸಾಹೇಬನಿಗೇ ಬಂತು. ರಾತ್ರಿ ಹೊತ್ತಿಗೆ ಜೀವ ಹೋಯ್ತು.

ಹೆಣವನ್ನು ಗುತ್ತಿಗೆ ಒಯ್ದು ಮರುದಿನ ಮಣ್ಣು ಮಾಡಿದರು. ಮುರಾರಿರಾವ್ ಘೋರ್ಪಡೆ ಆಳಿದ, ಹೈದರಾಲಿ ಗೆದ್ದ ಅದೇ ಗುತ್ತಿ ಕೋಟೆ. ಬೆಟ್ಟ ಹತ್ತೋ ದಾರಿ ಪಕ್ಕ ಇಂಗ್ಲಿಷರ ಸಣ್ಣ ಸ್ಮಶಾನವಿದೆ, ಅಲ್ಲೇ. ರಾಯಚೂರಿನಿಂದ ರೈಲು ಹತ್ತಿದರೆ ಮಂತ್ರಾಲಯಂ ರೋಡ್, ಆದೋನಿ, ಗುಂತಕಲ್ ದಾಟಿ ಗುತ್ತಿ.

ನಾಲ್ಕು ವರ್ಷಕ್ಕೆ, 1831ರಲ್ಲಿ, ಗೋರಿ ತೆಗೆಸಿ ಅವಶೇಷವನ್ನು ಮದ್ರಾಸಿಗೆ ಒಯ್ದು ಸಮುದ್ರದ ದಂಡೆಯ ಕೋಟೆಯಲ್ಲಿರೋ ಸೇಂಟ್ ಮೇರಿ ಚರ್ಚಿನಲ್ಲಿ ಇಟ್ಟರು. ಚೆನ್ನೈನಲ್ಲಿ ಜೀನು ಇಲ್ಲದ ಕುದುರೆ ಮೇಲೆ ಕೂತ ಅವನ ದೊಡ್ಡ ಪ್ರತಿಮೆಯೂ ಇದೆ. ಗುತ್ತಿಯಲ್ಲಿ ಉಳಿದಿದ್ದು ನೆನಪಿನ ಗೋರಿ, ಊರೊಳಗೆ ಅವನ ಹೆಸರಿನಲ್ಲಿ ಕಟ್ಟಿಸಿದ ಛತ್ರ.