ಸರೋಜಿನಿ ನಾಯ್ಡು: ಬಿಂಬ ಮತ್ತು ಧ್ವನಿ

ಸ್ವಾತಂತ್ರ್ಯ ಸಂಗ್ರಾಮವನ್ನು ಕುರಿತ ಸಾಕ್ಷ್ಯಚಿತ್ರಗಳಲ್ಲಿ ಗಾಂಧೀಜಿಯವರ ಪಕ್ಕದಲ್ಲಿ ಕೆಲವೇ ಕ್ಷಣ ಕಾಣಿಸಿಕೊಂಡು ಮರೆಯಾಗುವ ಮಹಿಳೆಯೊಬ್ಬರುಂಟು. ಅವರು ಹೈದರಾಬಾದಿನ ಸರೋಜಿನಿ ನಾಯ್ಡು. ಹಳೆಯ ಚಿತ್ರಸುರುಳಿಗಳು ಅವರನ್ನು ಉಳಿಸಿಕೊಟ್ಟಿವೆ, ನಿಜ. ಆದರೆ ಬೇರೊಬ್ಬರ ಕಥನದ ಅಂಚಿನಲ್ಲಿ ಉಳಿಸಿವೆ. ಆ ಬಿಂಬದ ಆಚೆಗಿನ ಬಾಳನ್ನು ಅರಿಯದೆ ಆ ಬಿಂಬವೂ ಅರ್ಥವಾಗದು.

1879ರ ಫೆಬ್ರವರಿ 13ರಂದು ಹೈದರಾಬಾದಿನಲ್ಲಿ ಜನಿಸಿದ ಅವರದು ಬಂಗಾಳಿ ಮನೆತನ. ತಂದೆ ಅಘೋರನಾಥ ಚಟ್ಟೋಪಾಧ್ಯಾಯರು ಎಡಿನ್‌ಬರೋದಲ್ಲಿ ಡಾಕ್ಟರೇಟ್ ಪಡೆದ ವಿಜ್ಞಾನಿ. ಮುಂದೆ ನಿಜಾಂ ಕಾಲೇಜಾಗಿ ಬೆಳೆದ ಸಂಸ್ಥೆಯ ಮೊದಲ ಪ್ರಾಂಶುಪಾಲರು. 12ನೆಯ ವಯಸ್ಸಿನಲ್ಲಿ ಮದರಾಸು ವಿಶ್ವವಿದ್ಯಾನಿಲಯದ ಮೆಟ್ರಿಕ್ಯುಲೇಷನ್ ಮುಗಿಸಿದ ಸರೋಜಿನಿ, ನಿಜಾಮರ ವಿದ್ಯಾರ್ಥಿವೇತನದಿಂದ 1895ರಲ್ಲಿ ಇಂಗ್ಲೆಂಡಿಗೆ ತೆರಳಿದರು. 1898ರಲ್ಲಿ ಜಾತಿ, ಪ್ರಾಂತಗಳ ಎಲ್ಲೆಯನ್ನು ಮೀರಿ ವೈದ್ಯರಾದ ಗೋವಿಂದರಾಜುಲು ನಾಯ್ಡು ಅವರ ಕೈಹಿಡಿದರು. 1905, 1912 ಹಾಗೂ 1917ರಲ್ಲಿ ಪ್ರಕಟವಾದ ಮೂರು ಇಂಗ್ಲಿಷ್ ಸಂಕಲನಗಳು ಅವರಿಗೆ ಕವಿಕೀರ್ತಿಯನ್ನು ತಂದವು. ಹೈದರಾಬಾದಿನ ಪೇಟೆಬೀದಿ, ಬಳೆಗಾರರು, ಪಲ್ಲಕ್ಕಿ ಹೊರುವವರು ಆ ಕಾವ್ಯದ ಜೀವಾಳ.

ಅನಂತರ ಕಾವ್ಯ ಹಿಂದೆ ಸರಿದು ವೇದಿಕೆ ಮುಂದೆ ಬಂದಿತು. 1924ರ ಬೆಳಗಾವಿ ಅಧಿವೇಶನದಲ್ಲಿ ಗಾಂಧೀಜಿಯವರು ವಹಿಸಿದ್ದ ಕಾಂಗ್ರೆಸ್ ಅಧ್ಯಕ್ಷಪದವಿ ಮರುವರ್ಷ ಕಾನ್ಪುರದಲ್ಲಿ ಸರೋಜಿನಿಯವರಿಗೆ ಒಲಿಯಿತು. ಆ ಪದವಿಗೇರಿದ ಮೊದಲ ಭಾರತೀಯ ಮಹಿಳೆ ಅವರೇ. 1930ರ ಮೇ ತಿಂಗಳಲ್ಲಿ ಗಾಂಧೀಜಿ ಸೆರೆಯಲ್ಲಿದ್ದಾಗ ಧಾರಾಸನದ ಉಪ್ಪಿನ ಸತ್ಯಾಗ್ರಹವನ್ನು ಅವರು ಮುನ್ನಡೆಸಿ ಬಂಧನಕ್ಕೊಳಗಾದರು. ಅಲ್ಲಿನ ಲಾಠಿಪ್ರಹಾರವನ್ನು ಜಗತ್ತಿಗೆ ತಿಳಿಸಿದ್ದು ಅಮೆರಿಕದ ಪತ್ರಕರ್ತ ವೆಬ್ ಮಿಲ್ಲರ್ ಅವರ ವರದಿ. 1931ರಲ್ಲಿ ದುಂಡುಮೇಜಿನ ಪರಿಷತ್ತಿಗೆ ಹೊರಟ ಗಾಂಧೀಜಿಯವರನ್ನು ವಾರ್ತಾಚಿತ್ರಗಳ ಕ್ಯಾಮೆರಾಗಳು ಹಿಂಬಾಲಿಸಿದಾಗ, ಸರೋಜಿನಿಯವರೂ ಪ್ರತಿನಿಧಿಯಾಗಿ ಲಂಡನ್ನಿನಲ್ಲಿದ್ದರು. ನೋಟಕರಿಗೆ ಅವರು ಸಹಪ್ರಯಾಣಿಕೆಯಂತೆ ಕಂಡಿರಬಹುದು. ವಾಸ್ತವದಲ್ಲಿ ಹೋರಾಟದ ಹೊಣೆ ಹೊತ್ತ ನಾಯಕಿ.

ಚಿತ್ರ ನೀಡದುದನ್ನು ಆಕಾಶವಾಣಿ ನೀಡಿತು. ಗಾಂಧೀಜಿಯವರ ಹತ್ಯೆಯಾದ ಎರಡನೆಯ ದಿನ, 1948ರ ಫೆಬ್ರವರಿ 1ರಂದು, ಅವರು ಬಾನುಲಿಯಲ್ಲಿ ಮಾತನಾಡಿದರು. ಅಗಲಿದ ಚೇತನಕ್ಕೆ ಶಾಂತಿಯನ್ನು ಕೋರುವ ವಾಡಿಕೆಯನ್ನು ಬಿಟ್ಟು, ವಿಶ್ರಮಿಸದೆ ತಮ್ಮನ್ನು ಪ್ರತಿಜ್ಞೆಗೆ ಬದ್ಧರನ್ನಾಗಿರಿಸಬೇಕೆಂದು ಮೊರೆಯಿಟ್ಟರು. ದಶಕಗಳ ಹಿಂದೆ ಹಿಂದೆ ಸರಿದಿದ್ದ ಕವಿ ಆ ಶೋಕದಲ್ಲಿ ಮರಳಿ ಮಾತನಾಡಿದಂತಿತ್ತು.

ಸಂಯುಕ್ತ ಪ್ರಾಂತದ ರಾಜ್ಯಪಾಲರಾಗಿದ್ದಾಗಲೇ 1949ರ ಮಾರ್ಚ್ 2ರಂದು ಲಖನೌದಲ್ಲಿ ಅವರು ನಿಧನರಾದರು. ಮೊದಲ ಸಂಕಲನದ ಹೆಸರನ್ನು ಹೊತ್ತ ಅವರ ಹೈದರಾಬಾದಿನ ಮನೆ ‘ಗೋಲ್ಡನ್ ಥ್ರೆಶೋಲ್ಡ್’ನಲ್ಲಿಯೇ, 1974ರಲ್ಲಿ ಸ್ಥಾಪಿತವಾದ ಹೈದರಾಬಾದ್ ವಿಶ್ವವಿದ್ಯಾಲಯ ತನ್ನ ಕಾರ್ಯವನ್ನು ಆರಂಭಿಸಿತು. ದೃಶ್ಯದಾಖಲೆಗಳನ್ನು ಆಧಾರವಾಗಿ ಸ್ವೀಕರಿಸುವ ಇಂದಿನ ಅಧ್ಯೇತೃಗಳು ಒಂದನ್ನು ನೆನೆಯಬೇಕು: ಕ್ಯಾಮೆರಾ ಯಾರತ್ತ ತಿರುಗಿತ್ತೆಂಬುದನ್ನಷ್ಟೇ ಚಿತ್ರಸುರುಳಿ ಹೇಳುತ್ತದೆ. ಅಂಚಿನಲ್ಲಿ ನಿಂತವರ ಹಿರಿಮೆಯನ್ನು ಕೃತಿ, ಧ್ವನಿ, ಕಾರ್ಯಗಳನ್ನು ಒಟ್ಟಿಗಿಟ್ಟು ನಾವೇ ಅರಸಬೇಕಾಗುತ್ತದೆ.