ಪರಮಾಣುವಿಗೆ ತೂಕ ಕಟ್ಟಿದ ಮೇಷ್ಟ್ರು

ಸುವರ್ಣ ಮಹೋತ್ಸವದ ಸ್ಮರಣ ಸಂಚಿಕೆಗೆ ಒಂದು ಲೇಖನ ಕೊಡಿ ಎಂದು ಸಮಿತಿಯವರು ಕೇಳಿದಾಗ ನನಗೆ ಇಬ್ಬರು ಮೇಷ್ಟ್ರುಗಳು ನೆನಪಾದರು. ಒಬ್ಬರು ಈ ಶಾಲೆಯಲ್ಲಿ ನನಗೆ ವಿಜ್ಞಾನ ಕಲಿಸಿದವರು. ಇನ್ನೊಬ್ಬರು ಅವರ ಬಾಯಿಂದ ನಾನು ಕೇಳಿ ತಿಳಿದ ಇಂಗ್ಲೆಂಡಿನ ಜಾನ್ ಡಾಲ್ಟನ್.

ನನಗೆ ಚಿಕ್ಕಂದಿನಿಂದಲೂ ಕೆಂಪು, ಹಸಿರು ಸರಿಯಾಗಿ ಗೊತ್ತಾಗುವುದಿಲ್ಲ. ಹೊಲದಲ್ಲಿ ಹಣ್ಣು ಮೆಣಸಿನಕಾಯಿ ಬಿಡಿಸಲು ಹೋದರೆ ಹಸಿಕಾಯಿಯನ್ನೂ ಕಿತ್ತು ಬುಟ್ಟಿಗೆ ಹಾಕಿ ಅವ್ವನ ಕೈಲಿ ಬೈಸಿಕೊಳ್ಳುತ್ತಿದ್ದೆ. ಒಂಬತ್ತನೇ ತರಗತಿಯಲ್ಲಿ ಒಂದು ದಿನ ಪ್ರನಾಳದ ಆಮ್ಲಕ್ಕೆ ಮೀಥೈಲ್ ಆರೆಂಜ್ ಹಾಕಿ ಬಣ್ಣ ಯಾವುದೆಂದು ಕೇಳಿದಾಗ ನಾನು ತಪ್ಪು ಹೇಳಿದೆ. ತರಗತಿಯೆಲ್ಲ ನಕ್ಕಿತು. ಇನ್ನು ಪ್ರಯೋಗಶಾಲೆಯ ಕಡೆ ಹೋಗಬಾರದು ಎಂದು ಅಂದೇ ನಿಶ್ಚಯಿಸಿದ್ದೆ. ಶಾಲೆ ಬಿಟ್ಟ ಮೇಲೆ ಮೇಷ್ಟ್ರು ನನ್ನನ್ನು ಒಬ್ಬನನ್ನೇ ಕರೆದು, ಬಣ್ಣದ ಸೀಮೆಸುಣ್ಣದ ತುಂಡುಗಳನ್ನು ಮುಂದಿಟ್ಟು ಪರೀಕ್ಷಿಸಿದರು. ಬೈಯಲಿಲ್ಲ. ಕೂರಿಸಿಕೊಂಡು ಡಾಲ್ಟನ್ನರ ಕಥೆ ಹೇಳಿದರು.

ಡಾಲ್ಟನ್ ಹುಟ್ಟಿದ್ದು 1766ರಲ್ಲಿ, ಇಂಗ್ಲೆಂಡಿನ ಉತ್ತರಕ್ಕಿರುವ ಈಗಲ್ಸ್‌ಫೀಲ್ಡ್ ಎಂಬ ಹಳ್ಳಿಯಲ್ಲಿ. ತಂದೆ ಬಟ್ಟೆ ನೇಯುವವರು. ಮನೆಯಲ್ಲಿ ಬಡತನ. ಅವರದು ಕ್ವೇಕರ್ ಪಂಥ. ಸರಳ ಉಡುಪು, ಸರಳ ಮಾತು ಅವರ ನಿಯಮ. ಅಂದಿನ ಕಾಲದಲ್ಲಿ ಈ ಪಂಥದವರಿಗೆ ಆಕ್ಸ್‌ಫರ್ಡ್, ಕೇಂಬ್ರಿಜ್ ವಿಶ್ವವಿದ್ಯಾಲಯಗಳಲ್ಲಿ ಪದವಿ ಪಡೆಯಲು ಅವಕಾಶವಿರಲಿಲ್ಲ. ಹನ್ನೆರಡನೇ ವಯಸ್ಸಿಗೇ ಬಾಲಕ ಡಾಲ್ಟನ್ ಹಳ್ಳಿಯಲ್ಲಿ ಪಾಠ ಹೇಳಲು ನಿಂತರು. ಮುಂದೆ ಕೆಂಡಾಲ್ ಎಂಬ ಊರಿಗೆ ಹೋಗಿ ಅಣ್ಣನ ಜೊತೆ ಸೇರಿ ಶಾಲೆ ನಡೆಸಿದರು. ಅಲ್ಲಿ ಜಾನ್ ಗಾಫ್ ಎಂಬ ವಿದ್ವಾಂಸರ ಪರಿಚಯವಾಯಿತು. ಗಾಫ್‌ಗೆ ಕಣ್ಣು ಕಾಣುತ್ತಿರಲಿಲ್ಲ. ಆದರೂ ಲ್ಯಾಟಿನ್, ಗ್ರೀಕ್, ಗಣಿತಗಳನ್ನು ಡಾಲ್ಟನ್ನರಿಗೆ ಕಲಿಸಿದರು. ದಿನವೂ ಹವಾಮಾನ ಬರೆದಿಡುವ ಅಭ್ಯಾಸ ಹಿಡಿಸಿದವರೂ ಅವರೇ.

1787ರಲ್ಲಿ ಶುರುವಾದ ಆ ದಿನಚರಿ ಐವತ್ತೇಳು ವರ್ಷ ನಡೆಯಿತು. ಮಳೆ, ಗಾಳಿ, ಉಷ್ಣತೆ ಎಂದು ಎರಡು ಲಕ್ಷಕ್ಕೂ ಮಿಕ್ಕಿ ದಾಖಲೆಗಳನ್ನು ಅವರು ಬರೆದರು. ಗಾಳಿಯನ್ನು ನೋಡುತ್ತ ನೋಡುತ್ತಲೇ ಅದು ಯಾವುದರಿಂದ ಆಗಿದೆ ಎಂಬ ಯೋಚನೆ ಅವರನ್ನು ಹಿಡಿಯಿತು. 1793ರಲ್ಲಿ ಮ್ಯಾಂಚೆಸ್ಟರಿಗೆ ಬಂದು ಒಂದು ಕಾಲೇಜಿನಲ್ಲಿ ಉಪಾಧ್ಯಾಯರಾದರು. 1800ರಲ್ಲಿ ಆ ಕೆಲಸ ಬಿಟ್ಟ ಮೇಲೆ ಮನೆಪಾಠದಿಂದಲೇ ಜೀವನ ಸಾಗಿಸಿದರು. ಶಕ್ತಿಯ ನಿಯಮಕ್ಕೆ ಹೆಸರಾದ ಜೂಲ್ ಕೂಡ ಹುಡುಗನಾಗಿದ್ದಾಗ ಅವರಲ್ಲಿ ಪಾಠ ಕಲಿತವರು.

ಪದಾರ್ಥವು ಬಹು ಸಣ್ಣ ಕಣಗಳಿಂದ ಆಗಿದೆ ಎಂಬ ಮಾತು ಹೊಸದಲ್ಲ. ಗ್ರೀಸಿನಲ್ಲಿ ಡೆಮಾಕ್ರಿಟಸ್ ಹೇಳಿದ್ದ. ನಮ್ಮ ವೈಶೇಷಿಕ ದರ್ಶನದಲ್ಲಿ ಕಣಾದರು ಪರಮಾಣುವಿನ ವಿಚಾರ ಹೇಳಿದ್ದರು. ಆದರೆ ಅದು ತರ್ಕದ ಮಾತಾಗಿಯೇ ಉಳಿದಿತ್ತು. ಡಾಲ್ಟನ್ ಮಾಡಿದ ಹೊಸ ಕೆಲಸವೆಂದರೆ ಅದನ್ನು ತಕ್ಕಡಿಗೆ ತಂದದ್ದು.

ನಮ್ಮ ಮೇಷ್ಟ್ರು ಇದನ್ನು ಬೆಲ್ಲದ ಅಚ್ಚಿನ ಉದಾಹರಣೆ ಕೊಟ್ಟು ವಿವರಿಸಿದರು. ಅಂಗಡಿಯವನು ಅಚ್ಚನ್ನು ಒಡೆದು ಮಾರುವುದಿಲ್ಲ ಎಂದರೆ ಒಂದು ಅಚ್ಚು ಕೊಳ್ಳಬಹುದು, ಎರಡು ಕೊಳ್ಳಬಹುದು, ಒಂದೂಕಾಲು ಸಿಗದು. ಹಾಗೆಯೇ 3 ಗ್ರಾಂ ಇಂಗಾಲವು 4 ಗ್ರಾಂ ಆಮ್ಲಜನಕದೊಂದಿಗೆ ಕೂಡಿದರೆ ಕಾರ್ಬನ್ ಮಾನಾಕ್ಸೈಡ್, 8 ಗ್ರಾಂನೊಂದಿಗೆ ಕೂಡಿದರೆ ಕಾರ್ಬನ್ ಡೈ ಆಕ್ಸೈಡ್. ನಡುವೆ 5 ಗ್ರಾಂ, 6 ಗ್ರಾಂ ಲೆಕ್ಕದ ಬೇರೊಂದು ಅನಿಲ ಆಗುವುದಿಲ್ಲ. ಪದಾರ್ಥವು ಇಡಿ ಇಡಿ ಕಣಗಳಾಗಿ ಕೂಡುತ್ತದೆ ಎಂದರೆ ಮಾತ್ರ ಇದಕ್ಕೆ ಅರ್ಥ ಬರುತ್ತದೆ. ಒಂದು ಧಾತುವಿನ ಪರಮಾಣುಗಳೆಲ್ಲ ಒಂದೇ ತೂಕದವು, ಬೇರೆ ಧಾತುವಿನವು ಬೇರೆ ತೂಕದವು ಎಂದು ಡಾಲ್ಟನ್ ಹೇಳಿದರು. ಜಲಜನಕವನ್ನು 1 ಎಂದಿಟ್ಟುಕೊಂಡು ಉಳಿದವುಗಳ ತೂಕದ ಪಟ್ಟಿಯನ್ನು 1803ರಲ್ಲಿ ತಯಾರಿಸಿದರು. 1808ರಲ್ಲಿ ಅವರ ಪುಸ್ತಕ ಹೊರಬಂತು.

ಆ ಪಟ್ಟಿಯಲ್ಲಿ ತಪ್ಪುಗಳಿದ್ದವು. ನೀರಿನಲ್ಲಿ ಒಂದು ಜಲಜನಕಕ್ಕೆ ಒಂದೇ ಆಮ್ಲಜನಕ ಎಂದು ಡಾಲ್ಟನ್ ಭಾವಿಸಿದ್ದರು. ಅದರಿಂದ 1808ರ ಪುಸ್ತಕದಲ್ಲಿ ಆಮ್ಲಜನಕದ ತೂಕ 16 ಬರಬೇಕಾದ ಕಡೆ 7 ಬಂದಿತ್ತು. ಎರಡು ಪಾಲು ಜಲಜನಕಕ್ಕೆ ಒಂದು ಪಾಲು ಆಮ್ಲಜನಕ ಕೂಡುತ್ತದೆ ಎಂದು ಫ್ರಾನ್ಸಿನ ಗೇ-ಲುಸಾಕ್ ಅನಿಲಗಳನ್ನು ಅಳೆದು ತೋರಿಸಿದಾಗಲೂ ಡಾಲ್ಟನ್ ಒಪ್ಪಲಿಲ್ಲ. ಹಟದ ಮನುಷ್ಯ. 1811ರಲ್ಲಿ ಇಟಲಿಯ ಅವೊಗಾಡ್ರೊ ಈ ಗಂಟನ್ನು ಬಿಡಿಸಿದರೂ, ಅದು ವಿಜ್ಞಾನಿಗಳ ಮನಸ್ಸಿಗೆ ಹತ್ತಿದ್ದು 1860ರ ನಂತರ, ಕಾನಿಜಾರೊ ವಿವರಿಸಿ ಹೇಳಿದ ಮೇಲೆ. ಆದರೂ ಡಾಲ್ಟನ್ ಅಂಕಿ ಬರೆದಿಟ್ಟಿದ್ದರಿಂದಲೇ ಅದನ್ನು ತಿದ್ದಲು ಬೇರೆಯವರಿಗೆ ಸಾಧ್ಯವಾಯಿತು.

ಅವರ ಕಣ್ಣಿನ ವಿಷಯದಲ್ಲೂ ಹೀಗೇ ಆಯಿತು. ತಮಗೆ ಬಣ್ಣಗಳು ಬೇರೆಯವರಂತೆ ಕಾಣುವುದಿಲ್ಲ ಎಂದು ಒಂದು ಹೂವನ್ನು ಹಗಲಿನಲ್ಲೂ ಮೇಣದ ಬತ್ತಿಯ ಬೆಳಕಿನಲ್ಲೂ ನೋಡಿ ಅವರು ಕಂಡುಕೊಂಡರು. ಅಣ್ಣನಿಗೂ ಹಾಗೇ ಇತ್ತು. ನಾಚಿಕೆಪಟ್ಟು ಮುಚ್ಚಿಡದೆ 1794ರಲ್ಲಿ ವಿದ್ವಾಂಸರ ಸಭೆಯಲ್ಲಿ ಪ್ರಬಂಧವನ್ನೇ ಓದಿದರು. ಕಣ್ಣಿನೊಳಗಿನ ದ್ರವ ನೀಲಿಯಾಗಿರಬೇಕು ಎಂಬುದು ಅವರ ಊಹೆ. ಸತ್ತ ಮೇಲೆ ತಮ್ಮ ಕಣ್ಣನ್ನು ಪರೀಕ್ಷಿಸಿ ಎಂದು ಹೇಳಿಟ್ಟರು. 1844ರ ಜುಲೈ 26ರಂದು ನಡುಗುವ ಕೈಯಲ್ಲಿ ಕೊನೆಯ ಹವಾಮಾನ ದಾಖಲೆ ಬರೆದು, ಮರುದಿನ ತೀರಿಕೊಂಡರು. ವೈದ್ಯರು ಕಣ್ಣು ತೆಗೆದು ನೋಡಿದರೆ ದ್ರವ ತಿಳಿಯಾಗಿತ್ತು. ಊಹೆ ಸುಳ್ಳಾಯಿತು. ಆದರೆ ಜೋಪಾನವಾಗಿ ಉಳಿದ ಆ ಕಣ್ಣಿನ ಡಿಎನ್‌ಎಯನ್ನು 1995ರಲ್ಲಿ ಪರೀಕ್ಷಿಸಿ, ಅವರಿಗಿದ್ದ ಕೊರತೆ ಯಾವುದೆಂದು ವಿಜ್ಞಾನಿಗಳು ಖಚಿತವಾಗಿ ಹೇಳಿದರು. ಬಡ ನೇಕಾರನ ಮಗನ ಅಂತಿಮ ದರ್ಶನಕ್ಕೆ ಮ್ಯಾಂಚೆಸ್ಟರಿನಲ್ಲಿ ಸುಮಾರು 40,000 ಜನ ಬಂದಿದ್ದರಂತೆ.

ಈ ಕಥೆ ಹೇಳಿದ ಮರುದಿನ ಮೇಷ್ಟ್ರು ನನ್ನ ಪಕ್ಕಕ್ಕೆ ಒಬ್ಬ ಗೆಳೆಯನನ್ನು ಕೂರಿಸಿದರು. ಬಣ್ಣ ನೋಡಿ ಹೇಳುವ ಕೆಲಸ ಅವನದು, ತಕ್ಕಡಿಯಲ್ಲಿ ತೂಗಿ ಬರೆಯುವ ಕೆಲಸ ನನ್ನದು. ತೂಗಿದ್ದನ್ನು ಇದ್ದ ಹಾಗೇ ಬರೆಯಬೇಕು, ತಪ್ಪಿದ್ದರೆ ಅಳಿಸಬಾರದು, ಪಕ್ಕದಲ್ಲಿ ಗೀಟು ಹಾಕಿ ಸರಿಯಾದದ್ದನ್ನು ಬರೆಯಬೇಕು ಎಂದು ಅವರ ಕಟ್ಟಪ್ಪಣೆ. ವಿಜ್ಞಾನ ಬಿಡಬೇಕೆಂದಿದ್ದ ನಾನು ಅದನ್ನೇ ಓದಿ, ಮೂವತ್ತೊಂದು ವರ್ಷ ಸರ್ಕಾರಿ ಶಾಲೆಗಳಲ್ಲಿ ವಿಜ್ಞಾನವನ್ನೇ ಕಲಿಸಿ ನಿವೃತ್ತನಾದೆ.

ಮೇಷ್ಟ್ರು ಈಗ ಇಲ್ಲ. ಈ ಶಾಲೆಯಲ್ಲಿ ಈಗ ಪಾಠ ಮಾಡುವವರಲ್ಲಿ ನನ್ನದೊಂದು ವಿನಂತಿ. ಮಗು ತಪ್ಪು ಬಣ್ಣ ಹೇಳಿದರೆ, ತಪ್ಪು ಅಂಕಿ ಬರೆದರೆ, ತರಗತಿ ನಗುವ ಮೊದಲು ಅದನ್ನು ಪಕ್ಕಕ್ಕೆ ಕರೆದು ಒಮ್ಮೆ ಕೇಳಿ. ನನ್ನನ್ನು ಒಬ್ಬರು ಹಾಗೆ ಕರೆದು ಕೇಳಿದ್ದರು.