ಹಲ್ಲು ಹೋದ ರಾಜ

ಜಾಝ್ ಅಂದರೆ ಲೂಯಿ ಆರ್ಮ್‌ಸ್ಟ್ರಾಂಗ್ ಎಂದು ಥಟ್ಟನೆ ಹೇಳುವವರುಂಟು. ಆ ಆರ್ಮ್‌ಸ್ಟ್ರಾಂಗನನ್ನು ತಯಾರು ಮಾಡಿದ ಗುರು ಯಾರು ಅಂದರೆ ತಲೆ ಕೆರೆದುಕೊಳ್ಳುತ್ತಾರೆ. ಆತ ಜೋ ಆಲಿವರ್. ಜನ ಕಟ್ಟಿದ ಪಟ್ಟ 'ಕಿಂಗ್' ಆಲಿವರ್. ಈ ರಾಜ ಕೊನೆಗೆ ಕಸ ಗುಡಿಸುವ ಜವಾನನಾಗಿ ಸತ್ತ.

1880ರ ದಶಕದಲ್ಲಿ ಅಮೆರಿಕದ ಲೂಯಿಸಿಯಾನಾದಲ್ಲಿ ಹುಟ್ಟಿದ ಕಪ್ಪು ಹುಡುಗ. ಒಂದು ಕಣ್ಣು ಕುರುಡು. ನ್ಯೂ ಆರ್ಲಿಯನ್ಸ್ ಪಟ್ಟಣದಲ್ಲಿ ಹೊಟ್ಟೆಪಾಡಿಗೆ ಬಟ್ಲರ್ ಕೆಲಸ, ಮೆರವಣಿಗೆ-ಕುಣಿತಗಳಲ್ಲಿ ಕಾರ್ನೆಟ್ ವಾದನ. ಕಾರ್ನೆಟ್ ಅಂದರೆ ಟ್ರಂಪೆಟ್ಟಿನ ಕುಳ್ಳ ತಮ್ಮ. ಅದರ ಬಾಯಿಗೆ ಲೋಟವನ್ನೋ ಬಟ್ಟಲನ್ನೋ ಅಡ್ಡ ಹಿಡಿದು, ಮಗು ಅತ್ತ ಹಾಗೆ ದನಿ ಹೊರಡಿಸುವುದರಲ್ಲಿ ಆಲಿವರ್ ನಿಸ್ಸೀಮ.

ಅದೇ ಊರಿನ ಬಡ ಹುಡುಗ ಲೂಯಿ ಈತನ ಮನೆಗೆ ಬರುತ್ತಿದ್ದ. ಹೆಂಡತಿ ಸ್ಟೆಲ್ಲಾ ಹೇಳಿದ ಚಿಲ್ಲರೆ ಕೆಲಸ ಮಾಡಿಕೊಡುತ್ತಿದ್ದ, ಅಲ್ಲೇ ಉಣ್ಣುತ್ತಿದ್ದ, ಪಾಠ ಹೇಳಿಸಿಕೊಳ್ಳುತ್ತಿದ್ದ. ಆಲಿವರ್ ತನ್ನ ಹಳೆಯ ಕಾರ್ನೆಟ್ಟನ್ನೂ ಕೊಟ್ಟ.

ಮೊದಲ ಮಹಾಯುದ್ಧ ಮುಗಿಯುವ ಹೊತ್ತಿಗೆ ಆಲಿವರ್ ಷಿಕಾಗೋ ಸೇರಿದ. 1922ರಲ್ಲಿ ಶಿಷ್ಯನನ್ನೂ ಕರೆಸಿಕೊಂಡ. ಗುರು-ಶಿಷ್ಯರ ಜೋಡಿ ಕಾರ್ನೆಟ್ ಕೇಳಲು ಲಿಂಕನ್ ಗಾರ್ಡನ್ಸ್‌ನಲ್ಲಿ ಜನವೋ ಜನ. 1923ರ ಏಪ್ರಿಲ್‌ನಲ್ಲಿ ರಿಚ್ಮಂಡ್ ಊರಿನಲ್ಲಿ ಗೆನೆಟ್ ಕಂಪನಿಗೆ ರೆಕಾರ್ಡ್ ಮಾಡಿಸಿದರು. ಅದರಲ್ಲಿ 'ಡಿಪ್ಪರ್‌ಮೌತ್ ಬ್ಲೂಸ್'ಗೆ ಆಲಿವರ್ ನುಡಿಸಿದ ತುಣುಕನ್ನು ಮುಂದಿನ ತಲೆಮಾರಿನವರು ಸ್ವರಕ್ಕೆ ಸ್ವರ ಕಂಠಪಾಠ ಮಾಡಿದರು.

ಅಲ್ಲಿಂದ ಇಳಿಜಾರು. ದುಡ್ಡಿನ ಲೆಕ್ಕಕ್ಕೆ ತಂಡದಲ್ಲಿ ಜಗಳ ಬಿತ್ತು. 1924ರಲ್ಲಿ ಶಿಷ್ಯನೂ ಹೊರಟ. ತಂಡದ ಪಿಯಾನೋ ವಾದಕಿ ಲಿಲ್ ಹಾರ್ಡಿನ್ ಅವನ ಕೈಹಿಡಿದಿದ್ದಳು. ಗಂಡ ಎರಡನೆಯವನಾಗಿಯೇ ಉಳಿಯುವುದು ಅವಳಿಗೆ ಬೇಕಿರಲಿಲ್ಲ. 1927ರಲ್ಲಿ ನ್ಯೂಯಾರ್ಕಿನ ಕಾಟನ್ ಕ್ಲಬ್ಬು ಕರೆದಾಗ, ಸಂಬಳ ಸಾಲದು ಎಂದು ಆಲಿವರ್ ಒಲ್ಲೆ ಅಂದ. ಆ ಜಾಗಕ್ಕೆ ಡ್ಯೂಕ್ ಎಲಿಂಗ್ಟನ್ ಬಂದ. ರೇಡಿಯೋ ಅವನನ್ನು ದೇಶಕ್ಕೆಲ್ಲ ಮುಟ್ಟಿಸಿತು.

ಇತ್ತ ಆಲಿವರನ ವಸಡು ಕೆಟ್ಟು ಹಲ್ಲು ಉದುರತೊಡಗಿದವು. ತುಟಿಗೆ ಹಿಂದಿನಿಂದ ಹಲ್ಲಿನ ಆಸರೆ ಇಲ್ಲದಿದ್ದರೆ ಊದುವುದು ಹೇಗೆ? ಉಳಿಸಿದ್ದ ಹಣ ಷಿಕಾಗೋ ಬ್ಯಾಂಕು ಮುಳುಗಿದಾಗ ಮುಳುಗಿತು. ಹಲ್ಲಿದ್ದಾಗ ಕಡಲೆ ಇಲ್ಲ, ಕಡಲೆ ಇದ್ದಾಗ ಹಲ್ಲಿಲ್ಲ ಅಂತಾರೆ. ಇವನಿಗೆ ಎರಡೂ ಉಳಿಯಲಿಲ್ಲ.

ಮುರುಕು ಬಸ್ಸಿನಲ್ಲಿ ತಂಡ ಕಟ್ಟಿಕೊಂಡು ಊರೂರು ಅಲೆದು, ಕೊನೆಗೆ ಜಾರ್ಜಿಯಾದ ಸವಾನಾದಲ್ಲಿ ನಿಂತ. ಹಣ್ಣು-ತರಕಾರಿ ಮಾರಿದ, ಬಿಲಿಯರ್ಡ್ಸ್ ಆಡುವ ಜಾಗದಲ್ಲಿ ಕಸ ಹೊಡೆದ. 1937ರಲ್ಲಿ ಆ ಊರಿಗೆ ಕಚೇರಿಗೆ ಬಂದ ಆರ್ಮ್‌ಸ್ಟ್ರಾಂಗ್ ಗುರುವನ್ನು ಕಂಡು ಜೇಬಿನಲ್ಲಿದ್ದ ಹಣವನ್ನೆಲ್ಲ ಕೊಟ್ಟ. ಅಷ್ಟರಿಂದ ಎಷ್ಟು ದಿನ?

1938ರ ಏಪ್ರಿಲ್‌ನಲ್ಲಿ ಆಲಿವರ್ ತೀರಿಕೊಂಡ. ಅಕ್ಕ ಮನೆ ಬಾಡಿಗೆಯ ದುಡ್ಡು ಹಾಕಿ ಹೆಣವನ್ನು ನ್ಯೂಯಾರ್ಕಿಗೆ ತರಿಸಿದಳು. ಮಣ್ಣಿಗೆ ಆರ್ಮ್‌ಸ್ಟ್ರಾಂಗ್ ಬಂದಿದ್ದ. ಗೋರಿಗೆ ಕಲ್ಲು ನಿಲ್ಲಿಸಲು ಆಗ ಕಾಸಿರಲಿಲ್ಲ. ಶಿಷ್ಯ ಮಾತ್ರ 1971ರಲ್ಲಿ ಸಾಯುವವರೆಗೂ ಆ ಹೆಸರು ಮರೆಯಲಿಲ್ಲ. ಅನ್ನ ಹಾಕಿದ ಮನೆಯ ಋಣ ಅದು.